ಆಟಕ್ಕುಂಟು, ಲೆಕ್ಕಕ್ಕಿಲ್ಲ: ಒಂಬತ್ತನೇ ತಂತಿಯ ಮಹಿಮೆ

ಆರು ತಂತಿಯ ಗಿಟಾರ್ ಹಿಡಿದು ಮೆಟಲ್ ಎಂಬ ಅಬ್ಬರದ ರಾಕ್ ಸಂಗೀತ ನುಡಿಸಲು ಹೊರಟ ಹುಡುಗನನ್ನು ಕಂಡರೆ ಈಗ ಅಯ್ಯೋ ಪಾಪ ಅನಿಸುತ್ತದೆ. ಮನೆಯಲ್ಲಿ ಏನೋ ಕಷ್ಟವಿರಬೇಕು. ಏಳು ತಂತಿ ಇದ್ದವರು ಮಧ್ಯಮ ವರ್ಗ, ಎಂಟು ಇದ್ದವರು ಸ್ಥಿತಿವಂತರು. ಒಂಬತ್ತು ತಂತಿಯವನಿಗೆ ಹೆಣ್ಣು ಕೊಡಲು ಯಾರೂ ಮುಂದೆ ಬರಲಾರರು, ಆದರೆ ಯೂಟ್ಯೂಬಿನಲ್ಲಿ ಅವನಿಗಿರುವ ಮರ್ಯಾದೆಯೇ ಬೇರೆ. ಎಲ್ಲಕ್ಕಿಂತ ದಪ್ಪನೆಯ ತಂತಿಯನ್ನು ಅವನು ಒಮ್ಮೆ ಬಾರಿಸಿದರೆ ಸಾಕು, ಅದು ಹೊಯ್ದಾಡುವುದು ಬರಿಗಣ್ಣಿಗೇ ಕಾಣುತ್ತದೆ. ಕೆಳಗೆ ಅಭಿಮಾನಿಗಳು ಸಾಲುಗಟ್ಟುತ್ತಾರೆ: ನೆಲ ನಡುಗಿತು ಗುರು, ಎದೆ ಝಲ್ಲೆಂದಿತು ಗುರು. ಇವರೆಲ್ಲ ಆ ವಿಡಿಯೊ ನೋಡಿದ್ದು ಮೊಬೈಲಿನಲ್ಲಿ. ಕೆಲವು ನೂರು ಹರ್ಟ್ಸ್‌ಗಿಂತ ಕೆಳಗಿನ ದನಿ ಬಂದರೆ ಬಾಯಿಯನ್ನೇ ಬಿಡದ ಸ್ಪೀಕರಿನಲ್ಲಿ.

ಲೆಕ್ಕ ಒಮ್ಮೆ ನೋಡಿಬಿಡೋಣ. ಮಾಮೂಲಿ ಗಿಟಾರಿನ ದಪ್ಪ ತಂತಿ ಸೆಕೆಂಡಿಗೆ ಸುಮಾರು 82 ಸಲ ಕಂಪಿಸುತ್ತದೆ, ಅಂದರೆ 82 ಹರ್ಟ್ಸ್. ರೂಢಿಯ ಶ್ರುತಿಯಲ್ಲಿ ಏಳನೇ ತಂತಿ 62ಕ್ಕೆ ಇಳಿಯುತ್ತದೆ, ಎಂಟನೆಯದು 46ಕ್ಕೆ, ಒಂಬತ್ತನೆಯದು ಹೆಚ್ಚುಕಮ್ಮಿ 35ಕ್ಕೆ. ನಾಲ್ಕು ತಂತಿಯ ಬೇಸ್ ಗಿಟಾರಿನ ಕಟ್ಟಕಡೆಯ ತಂತಿ 41. ಅಂದರೆ ಒಂಬತ್ತನೇ ತಂತಿ ಬೇಸಿನವನ ಕಾಲ ಕೆಳಗೇ ನುಸುಳಿ ಹೋಯಿತು. ಅವನು ಸುಮ್ಮನಿರುತ್ತಾನೆಯೇ? ಐದು ತಂತಿಯ ಬೇಸ್ ಕೊಂಡು 31ಕ್ಕೆ ಇಳಿದ. ಮನುಷ್ಯನ ಕಿವಿ 20ಕ್ಕೆ ಅಂಗಡಿ ಮುಚ್ಚುತ್ತದೆ. 31ರಿಂದ 20ಕ್ಕೆ ಉಳಿದಿರುವುದು ಏಳೂವರೆ ಸ್ವರಸ್ಥಾನ. ಏಳೂವರೆಯ ಮಹಿಮೆಯನ್ನು ನಮ್ಮವರಿಗೆ ಬಿಡಿಸಿ ಹೇಳಬೇಕಿಲ್ಲ, ಅದು ಶನಿಯ ಲೆಕ್ಕ. ಅದೂ ಮುಗಿದ ಮೇಲೆ ದುಬಾರೆಯ ಆನೆ ಶಿಬಿರದಲ್ಲಿ ಕಛೇರಿ ಇಟ್ಟುಕೊಳ್ಳಬಹುದು. ಆನೆಗಳು 20ಕ್ಕಿಂತ ಕೆಳಗಿನ ದನಿಯಲ್ಲೂ ದೂರದ ಬಳಗದೊಡನೆ ಮಾತಾಡಿಕೊಳ್ಳುತ್ತವೆ. ಟಿಕೆಟ್ ಕೊಳ್ಳುತ್ತವೆ ಎಂಬ ಖಾತ್ರಿ ಮಾತ್ರ ಇಲ್ಲ.

ಇಷ್ಟು ಖರ್ಚು ಮಾಡಿ ಇಳಿಸಿದ ಸ್ವರ ಹೋಗುವುದೆಲ್ಲಿಗೆ? ಗಿಟಾರಿನ ದನಿ ಹಿಗ್ಗಿಸುವ ಆಂಪ್‌ಗಳಲ್ಲಿ ಕೂರಿಸುವ 12 ಇಂಚಿನ ಸ್ಪೀಕರುಗಳು ಸಾಮಾನ್ಯವಾಗಿ 70-75 ಹರ್ಟ್ಸ್‌ನ ಆಸುಪಾಸಿನಲ್ಲೇ ಕೈಚೆಲ್ಲುತ್ತವೆ. ಅಷ್ಟರಲ್ಲಿ ತಪ್ಪಿಸಿಕೊಂಡು ರೆಕಾರ್ಡಿಂಗ್‌ವರೆಗೂ ಬಂದದ್ದನ್ನು ಹಿಡಿಯಲು ಮಿಕ್ಸಿಂಗ್ ಮಾಡುವವನು ಕಾದು ಕೂತಿರುತ್ತಾನೆ. ಗಿಟಾರಿನ ಟ್ರ್ಯಾಕ್ ತೆರೆದವನೇ ಅವನು ಮೊದಲು ಮಾಡುವ ಕೆಲಸಗಳಲ್ಲೊಂದು ಹೈಪಾಸ್ ಫಿಲ್ಟರ್ ಹಾಕಿ 80ರಿಂದ 100 ಹರ್ಟ್ಸ್‌ಗಿಂತ ಕೆಳಗಿನದನ್ನು ಕತ್ತರಿಸುವುದು. ಅವನದು ತಪ್ಪಲ್ಲ. ಆ ಜಾಗ ಬೇಸಿಗೂ ಕಿಕ್ ಡ್ರಮ್ಮಿಗೂ ಸೇರಿದ್ದು; ಮೂವರೂ ಅಲ್ಲೇ ಕೂತರೆ ಕೇಳುವವನಿಗೆ ಸಿಗುವುದು ಬರೀ ಗುಂಯ್. ಹೀಗೆ ಅಂಗಡಿಯಲ್ಲಿ ಕಾಸು ಕೊಟ್ಟು ತಂದ 46 ಹರ್ಟ್ಸ್ ಸ್ಟುಡಿಯೊದಲ್ಲಿ ಕತ್ತರಿಗೆ ಸಿಕ್ಕಿ ಸಾಯುತ್ತದೆ. ಆ ಕತ್ತರಿಯ ಕೂಲಿಯನ್ನು ಕೊಡುವವನೂ ಗಿಟಾರಿನವನೇ.

ಹಾಗಾದರೆ ಕೇಳಿದವರಿಗೆ ಎದೆ ಝಲ್ಲೆಂದದ್ದು ಸುಳ್ಳೆ? ಅಲ್ಲ, ಇಲ್ಲಿದೆ ತಮಾಷೆ. ತಂತಿಯೊಂದು ಕಂಪಿಸುವಾಗ ಮೂಲಸ್ವರದ ಜೊತೆಗೆ ಅದರ ಎರಡು ಪಟ್ಟು, ಮೂರು ಪಟ್ಟು, ನಾಲ್ಕು ಪಟ್ಟಿನ ಉಪಸ್ವರಗಳೂ ಹೊರಡುತ್ತವೆ. ಮೂಲವನ್ನು ಕಿತ್ತುಹಾಕಿದರೂ ಮೆದುಳು ಉಳಿದವುಗಳ ಅಂತರ ನೋಡಿ ಯಜಮಾನ ಇಲ್ಲೇ ಎಲ್ಲೋ ಇದ್ದಾನೆ ಎಂದು ತೀರ್ಮಾನಿಸಿಬಿಡುತ್ತದೆ. ಹಳೆಯ ಲ್ಯಾಂಡ್‌ಲೈನ್ 300 ಹರ್ಟ್ಸ್‌ಗಿಂತ ಕೆಳಗಿನದನ್ನು ಹೆಚ್ಚುಕಡಿಮೆ ಕಳಿಸುತ್ತಲೇ ಇರಲಿಲ್ಲ. ಆದರೂ ಊರಿನಿಂದ ಫೋನ್ ಮಾಡಿದ ಮಾವನ ಗಡಸು ದನಿ ಗಡಸಾಗಿಯೇ ಕೇಳುತ್ತಿತ್ತಲ್ಲ, ಇದೇ ಉಪಾಯದಿಂದ. ಅಂದರೆ ಒಂಬತ್ತನೇ ತಂತಿಯ ಆ ಘನಘೋರ ಮಂದ್ರವನ್ನು ನುಡಿಸುತ್ತಿರುವುದು ಬಹುಪಾಲು ಕೇಳುಗನ ಮೆದುಳೇ. ಅದಕ್ಕೆ ಯಾರೂ ಸಂಭಾವನೆ ಕೊಟ್ಟದ್ದನ್ನು ಕಾಣೆ.

ಇದೆಲ್ಲ ಈ ಕಾಲದ ಹುಡುಗರ ಹುಚ್ಚು ಎಂದು ಹಿರಿಯರು ತಲೆಯಾಡಿಸುವುದು ಬೇಡ. 1589ರಲ್ಲಿ ಫ್ಲಾರೆನ್ಸಿನಲ್ಲಿ ಮೆಡಿಚಿ ಮನೆತನದ ಮದುವೆ ನಡೆದಾಗಲೇ ಕಿಟಾರೋನೆ ಎಂಬ ವಾದ್ಯ ಮೆರೆದಿತ್ತು. ಥಿಯೋರ್ಬೊ ಎಂದೂ ಕರೆಯುತ್ತಾರೆ. ಗಿಟಾರಿನ ಬಂಧುವಾದ ಲ್ಯೂಟ್ ವಾದ್ಯದ ಕುತ್ತಿಗೆಗೆ ಇನ್ನೊಂದು ಕುತ್ತಿಗೆ ಬೆಸೆದು, ಬೆರಳಿಗೆ ಎಟುಕದ ಮಂದ್ರ ತಂತಿಗಳನ್ನು ಹೊರಗೆ ಎಳೆದು ಕಟ್ಟಿದ್ದರು. ಕೆಲವು ಆಳೆತ್ತರಕ್ಕೂ ಮೀರುತ್ತಿದ್ದವು. ಇದು ಶೋಕಿಯಲ್ಲ, ಅನಿವಾರ್ಯ: ಆಗಿನ ತಂತಿ ಕುರಿಯ ಕರುಳಿನದು, ಸ್ವರ ಇಳಿಸಲು ದಪ್ಪ ಮಾಡಿದರೆ ಅದು ಸಪ್ಪೆಯಾಗಿ ಗೊಣಗುತ್ತದೆ, ಆದ್ದರಿಂದ ಉದ್ದ ಮಾಡಬೇಕಿತ್ತು. ಕರುಳಿನ ಮೇಲೆ ಲೋಹದ ಎಳೆ ಸುತ್ತುವ ಉಪಾಯ ಬಂದದ್ದು 17ನೇ ಶತಮಾನದ ಉತ್ತರಾರ್ಧದಲ್ಲಿ. ಅಷ್ಟರಲ್ಲಿ ಅದರ ಯಜಮಾನರು ಬಾಗಿಲು ದಾಟುವಾಗ ಬಗ್ಗುವುದನ್ನು ಕಲಿತಾಗಿತ್ತು. ಇವರ ಬಂಧುಗಳಾದ ಲ್ಯೂಟ್ ವಾದಕರ ಬಗ್ಗೆ ಜರ್ಮನಿಯ ಸಂಗೀತಗಾರ ಯೋಹಾನ್ ಮಾಥೆಸನ್ 1713ರಲ್ಲೇ ಕುಟುಕಿದ್ದ: ಎಂಬತ್ತು ವರ್ಷ ಬದುಕಿದ ಲ್ಯೂಟ್ ವಾದಕ ಅದರಲ್ಲಿ ಅರವತ್ತನ್ನು ಶ್ರುತಿ ಮಾಡುವುದರಲ್ಲೇ ಕಳೆದಿರುತ್ತಾನೆ ಎಂದು. ಉಳಿದ ಇಪ್ಪತ್ತರಲ್ಲಿ ಊಟ, ನಿದ್ದೆ, ಸಂಸಾರ.

ಆದರೂ ಆ ಉದ್ದ ತಂತಿಗಳಿಗೆ ಒಂದು ನೌಕರಿ ಇತ್ತು. ಹಾಡುವವರ ಕೆಳಗೆ ಆಧಾರವಾಗಿ ನಿಲ್ಲುವುದು ಅವುಗಳ ಕೆಲಸ. ವಿಯೆನ್ನಾದ ಕಾಂಟ್ರಾಗಿಟಾರಿಗೂ ಅಷ್ಟೇ. 1878ರಲ್ಲಿ ಶ್ರಾಮೆಲ್ ಸೋದರರು ಎರಡು ಪಿಟೀಲು ಹಿಡಿದು, ಆಂಟನ್ ಸ್ಟ್ರೋಮಾಯರನ ಕೈಗೆ ಎರಡು ಕುತ್ತಿಗೆಯ ಗಿಟಾರ್ ಕೊಟ್ಟು ಹೆಂಡದಂಗಡಿಗಳಲ್ಲಿ ನುಡಿಸಲು ಕೂತರು. ಎರಡನೇ ಕುತ್ತಿಗೆಯಲ್ಲಿ ಸ್ವರದ ಮನೆಗಳನ್ನು ಗುರುತಿಸುವ ಅಡ್ಡಪಟ್ಟಿಗಳಾದ ಫ್ರೆಟ್‌ಗಳೇ ಇಲ್ಲ. ಒಂದೊಂದು ತಂತಿಗೆ ಒಂದೊಂದೇ ಸ್ವರ, ಬೇಕಾದಾಗ ಹೆಬ್ಬೆರಳಿನಿಂದ ಒಮ್ಮೆ ಮೀಟಿದರೆ ಮುಗಿಯಿತು. ಅಲ್ಲಿ ದೊಡ್ಡ ಡಬಲ್ ಬೇಸ್ ಹೊತ್ತು ತಿರುಗುವ ಬದಲು ಇದೇ ಅನುಕೂಲ. ಮೆಕ್ಸಿಕೊದ ಮರಿಯಾಚಿ ವಾದ್ಯಮೇಳದವರು ಇನ್ನೂ ಜಾಣರು. ಅವರ ಗಿಟಾರೋನ್‌ಗೆ ತಂತಿ ಆರೇ, ಹೊಟ್ಟೆ ಮಾತ್ರ ಭಾರಿ. ಬೀದಿಯಲ್ಲಿ ತುತ್ತೂರಿ, ಪಿಟೀಲುಗಳ ಗದ್ದಲದ ನಡುವೆ ಆಂಪ್ ಇಲ್ಲದೆ ಕೇಳಿಸಬೇಕಲ್ಲ, ಅದಕ್ಕೆ ಒಂದೇ ಸ್ವರವನ್ನು ಮೇಲಿನ ಸ್ಥಾಯಿ, ಕೆಳಗಿನ ಸ್ಥಾಯಿಗಳೆರಡರಲ್ಲೂ, ಎರಡು ತಂತಿಗಳನ್ನು ಒಟ್ಟಿಗೆ ಜಗ್ಗಿ ನುಡಿಸುತ್ತಾರೆ. ಮೆದುಳಿಗೆ ಉಪಸ್ವರ ಬೇಕು ಎಂಬ ಮೇಲಿನ ಪಾಠವನ್ನು ಇವರು ಓದಿರಲಿಲ್ಲ, ಹೊಟ್ಟೆಪಾಡು ಕಲಿಸಿತ್ತು.

ಬ್ರೆಜಿಲ್‌ನವರ ಏಳನೇ ತಂತಿಗಂತೂ ನಾನು ಟೋಪಿ ತೆಗೆಯುತ್ತೇನೆ. ಶೋರೊ ಸಂಗೀತದಲ್ಲಿ ಆ ತಂತಿ ಸುಮ್ಮನೆ ಗುಂಯ್ಗುಡುವುದಿಲ್ಲ. ಮೇಲೆ ಕೊಳಲು ಒಂದು ಮಾತು ಹೇಳಿದರೆ ಕೆಳಗಿನಿಂದ ಎದುರುತ್ತರ ಕೊಡುತ್ತದೆ, ಚುಡಾಯಿಸುತ್ತದೆ, ಅಡ್ಡ ಬಂದು ಓಡಿಹೋಗುತ್ತದೆ. ಆ ಕಲೆಯಲ್ಲಿ ಪಳಗಿದ ಒರೊಂಡಿನೊ ಜೋಸೆ ದ ಸಿಲ್ವ ಅವರನ್ನು ಜನ 'ಏಳು ತಂತಿಯ ಡಿನೊ' ಎಂದೇ ಕರೆದರು. ನಮ್ಮ ಒಂಬತ್ತು ತಂತಿಯವರಿಗೂ ಇಂಥ ಬಿರುದು ಬೇಕೆಂಬ ಆಸೆ ಇದೆ. ಬಿರುದು ಬಂದದ್ದು ತಂತಿಗೋ ಎದುರುತ್ತರಕ್ಕೋ ಎಂದು ವಿಚಾರಿಸುವಷ್ಟು ಪುರುಸೊತ್ತಿಲ್ಲ.

ಇನ್ನು ಸ್ಪೇನಿನ ಗಿಟಾರ್ ವಾದಕ ನಾರ್ಸಿಸೊ ಯೆಪೆಸ್. 1960ರ ದಶಕದಲ್ಲಿ ಗಿಟಾರ್ ತಯಾರಕ ಮೂರನೇ ಹೋಸೆ ರಮಿರೆಸ್ ಅವರಿಂದ ಹತ್ತು ತಂತಿಯ ಗಿಟಾರ್ ಮಾಡಿಸಿಕೊಂಡವರು. ಆರು ತಂತಿಯ ಗಿಟಾರಿನಲ್ಲಿ ಕೆಲವು ಸ್ವರಗಳಿಗೆ ಮಾತ್ರ ಬೇರೆ ತಂತಿಗಳು ತಾವಾಗಿಯೇ ಮರುದನಿ ಕೊಡುತ್ತವೆ, ಉಳಿದ ಸ್ವರಗಳು ಅನಾಥ. ಈ ಅನ್ಯಾಯ ಸರಿಪಡಿಸಲು ಯೆಪೆಸ್ ನಾಲ್ಕು ತಂತಿ ಸೇರಿಸಿದರು. ಸಿತಾರಿನ ತರಬ್ ಕಂಡವರಿಗೆ ಇದು ಹೊಸದಲ್ಲ. ಮುಟ್ಟದೆಯೂ ಕೆಲಸ ಮಾಡುವ ತಂತಿ! ಇವತ್ತಿನ ಒಂಬತ್ತನೇ ತಂತಿಯನ್ನೂ ಬಹಳಷ್ಟು ಜನ ಮುಟ್ಟುವುದಿಲ್ಲ, ಅದು ನಿಜ. ಅಲ್ಲಿ ವ್ಯತ್ಯಾಸವೆಂದರೆ ಅದು ಅನಗತ್ಯವಾಗಿ ಗುನುಗದಿರಲಿ ಎಂದು ಕುತ್ತಿಗೆಗೆ ಬಟ್ಟೆಯ ಪಟ್ಟಿ ಬಿಗಿದಿರುತ್ತಾರೆ.

ಆಧುನಿಕ ಪೈಪೋಟಿಯ ಮೂಲ ಪುರುಷರಲ್ಲಿ ಅಮೆರಿಕದ ಗಿಟಾರ್ ವಾದಕ ಸ್ಟೀವ್ ವಾಯ್ ಒಬ್ಬರು. 1990ರಲ್ಲಿ ಅವರಿಗಾಗಿ ಐಬನೆಜ್ ಕಂಪನಿ ಏಳು ತಂತಿಯ ಗಿಟಾರ್ ತಂದಿತು. ಬಳಿಕ ಕಾರ್ನ್ ಬ್ಯಾಂಡಿನವರು ಅದನ್ನೂ ಸಡಿಲಿಸಿ ಕೆಳಗಿಳಿಸಿದರು. ಸ್ವೀಡನ್ನಿನ ಮೆಶುಗ್ಗಾ ಬ್ಯಾಂಡ್ ಎಂಟಕ್ಕೆ ಹೋಯಿತು. ನ್ಯಾಯವಾಗಿ ಹೇಳಬೇಕೆಂದರೆ ಮೆಶುಗ್ಗಾದವರು ಆ ತಂತಿಗೆ ಉದ್ಯೋಗ ಹುಡುಕಿಕೊಟ್ಟರು: ಅದನ್ನು ಸ್ವರಕ್ಕಿಂತ ಹೆಚ್ಚಾಗಿ ಡೋಲಾಗಿ ಬಳಸಿ, ತಲೆ ತಿರುಗಿಸುವ ಲಯದ ಲೆಕ್ಕಾಚಾರ ಕಟ್ಟಿದರು. ಅವರ ಹಿಂದೆ ಬಂದವರು ಲೆಕ್ಕಾಚಾರ ಬಿಟ್ಟು ತಂತಿ ಮಾತ್ರ ಕೊಂಡರು. ಲೆಕ್ಕಾಚಾರ ಅಂಗಡಿಯಲ್ಲಿ ಸಿಗುವುದಿಲ್ಲವಲ್ಲ. ಸರಸ್ವತಿ ವೀಣೆಗೆ ನುಡಿಸುವ ತಂತಿಗಳು ನಾಲ್ಕೇ, ಸಾರಣಿ, ಪಂಚಮ, ಮಂದ್ರ, ಅನುಮಂದ್ರ. ನುಡಿಸಾಣಿಕೆಯ ದೊಡ್ಡ ಪಾಲು ಸಾರಣಿಯ ಮೇಲೇ ನಡೆಯುತ್ತದೆ. ಯಾವ ವೈಣಿಕರೂ ಇನ್ನೂ ಅನು-ಅನುಮಂದ್ರದ ಪ್ರೀ-ಆರ್ಡರ್ ಕೊಟ್ಟಿಲ್ಲ.

ತಂತಿ ಇಳಿದಷ್ಟೂ ಸಡಿಲಾಗಿ ಒಣಹಾಕಿದ ಶಾವಿಗೆಯಂತೆ ಜೋತುಬೀಳುತ್ತದೆ. ಅದಕ್ಕೆ ಕುತ್ತಿಗೆ ಉದ್ದ ಮಾಡಬೇಕು. ಉದ್ದ ಮಾಡಿದರೆ ತೆಳು ತಂತಿ ಅತಿಯಾಗಿ ಬಿಗಿಯುತ್ತದೆ. ಪರಿಹಾರವಾಗಿ ದಪ್ಪ ತಂತಿ ಉದ್ದ, ತೆಳು ತಂತಿ ಗಿಡ್ಡ ಇರುವಂತೆ ಫ್ರೆಟ್‌ಗಳನ್ನು ಬೀಸಣಿಗೆಯ ಆಕಾರಕ್ಕೆ ಓರೆ ಮಾಡಿದರು. ಅಮೆರಿಕದ ಗಿಟಾರ್ ತಯಾರಕ ರಾಲ್ಫ್ ನೊವಾಕ್ 1989ರಲ್ಲಿ ಪೇಟೆಂಟ್ ಪಡೆದ ಈ ಓರೆ ಫ್ರೆಟ್‌ಗಳನ್ನು ಈಗ ಭವಿಷ್ಯದ ತಂತ್ರಜ್ಞಾನವೆಂದು ಮಾರುತ್ತಾರೆ. 16ನೇ ಶತಮಾನದ ಇಂಗ್ಲೆಂಡಿನ ಆರ್ಫೇರಿಯನ್ ಎಂಬ ವಾದ್ಯದಲ್ಲೂ ಓರೆ ಫ್ರೆಟ್‌ಗಳಿದ್ದವು. ಭವಿಷ್ಯಕ್ಕೆ ಬರಲು ಸ್ವಲ್ಪ ತಡವಾಯಿತು, ಅಷ್ಟೆ. ಅದೇ ನೊವಾಕ್ ಮಾಡಿಕೊಟ್ಟ ಎಂಟು ತಂತಿಯ ವಾದ್ಯದಲ್ಲಿ ಚಾರ್ಲಿ ಹಂಟರ್ ಎಂಬ ಜಾಝ್ ವಾದಕ ಬೇಸನ್ನೂ ಗಿಟಾರನ್ನೂ ಒಬ್ಬನೇ ಒಟ್ಟಿಗೆ ನುಡಿಸಿ ಬೆರಗುಗೊಳಿಸಿದ. ಆಮೇಲೆ ಒಂದು ತಂತಿ ತೆಗೆಸಿ ಏಳಕ್ಕೆ ಬಂದ. ಈ ಸುದ್ದಿ ಮಾರುಕಟ್ಟೆಗೆ ತಲುಪಿದಂತಿಲ್ಲ.

ತಲುಪಿದ್ದು ಇನ್ನೊಂದು ಸುದ್ದಿ. 1984ರಲ್ಲಿ ಜಾಝ್ ಗಿಟಾರ್ ವಾದಕ ಪ್ಯಾಟ್ ಮೆಥೆನಿ ಕೆನಡಾದ ಗಿಟಾರ್ ತಯಾರಕಿ ಲಿಂಡಾ ಮಾಂಜರ್ ಅವರಲ್ಲಿ ಆದಷ್ಟು ಹೆಚ್ಚು ತಂತಿಗಳ ಗಿಟಾರ್ ಕೇಳಿದರು. ಗ್ರಾಹಕರು ಹೀಗೆ ಕೇಳಬಾರದು, ಕೇಳಿದರೆ ಕೊಟ್ಟುಬಿಡುತ್ತಾರೆ. ಸಿಕ್ಕಿದ್ದು 42 ತಂತಿ, ನಾಲ್ಕು ಕುತ್ತಿಗೆ. ತಂತಿಗಳೆಲ್ಲ ಸೇರಿ ಎಳೆಯುವ ಬಿಗಿ ಸುಮಾರು 450 ಕೆಜಿ ತೂಕಕ್ಕೆ ಸಮ. ಮೆಥೆನಿ ಅದನ್ನು ನುಡಿಸಿ ದಕ್ಕಿಸಿಕೊಂಡರು, ಬಿಡಿ. ಎಲ್ಲರ ಮನೆಯಲ್ಲೂ ಮೆಥೆನಿ ಹುಟ್ಟುವುದಿಲ್ಲ.

ಇಷ್ಟೆಲ್ಲ ನಡೆಯುವಾಗ ಬೇಸಿನವನ ಪಾಡೇನು? ಅವನು ಮೊದಲಿನಿಂದಲೂ ಆಟಕ್ಕುಂಟು, ಲೆಕ್ಕಕ್ಕಿಲ್ಲ. ಮೆಟಾಲಿಕಾ ಎಂಬ ಮೆಟಲ್ ಬ್ಯಾಂಡಿನ 1988ರ ಆಲ್ಬಮ್‌ನಲ್ಲಿ ಜೇಸನ್ ನ್ಯೂಸ್ಟೆಡ್ ಬೇಸ್ ನುಡಿಸಿದ್ದಾರೆ ಎಂಬುದಕ್ಕೆ ಮುಖ್ಯ ಸಾಕ್ಷಿ ಕವರಿನ ಮೇಲೆ ಅಚ್ಚಾದ ಅವರ ಹೆಸರು. ಇತ್ತ ಆಂಥನಿ ಜಾಕ್ಸನ್ ಎಂಬ ಬೇಸ್ ವಾದಕ ಬೇರೆಯೇ ಪ್ರಶ್ನೆ ಎತ್ತಿದ್ದರು: ಇದೂ ಗಿಟಾರಿನ ಕುಲದ್ದೇ ಆದ ಮೇಲೆ ಇದಕ್ಕೆ ಮಾತ್ರ ನಾಲ್ಕೇ ತಂತಿ ಯಾಕೆ? 1975ರಲ್ಲಿ ವಾದ್ಯ ತಯಾರಕ ಕಾರ್ಲ್ ಥಾಂಪ್ಸನ್ ಅವರಿಂದ ಆರು ತಂತಿಯ ಬೇಸ್ ಮಾಡಿಸಿದರು, ಕೆಳಗೊಂದು ತಂತಿ, ಮೇಲೊಂದು ತಂತಿ. ಪ್ರಶ್ನೆ ಸರಿಯಾಗಿಯೇ ಇತ್ತು. ಆದರೆ ಆ ಮೇಲಿನ ತಂತಿಯ ರುಚಿ ಹತ್ತಿದವರು ನಿಲ್ಲಲಿಲ್ಲ. ಏಳಾಯಿತು, ಒಂಬತ್ತಾಯಿತು, ಹನ್ನೊಂದು ತಂತಿಯ ಬೇಸ್‌ಗಳೂ ಬಂದವು.

ಹೀಗಾಗಿ ಈಗ ವೇದಿಕೆಯ ಎಡಗಡೆ ಗಿಟಾರಿನವನು ಒಂಬತ್ತನೇ ತಂತಿಯಲ್ಲಿ ಬೇಸ್ ನುಡಿಸುತ್ತಿದ್ದಾನೆ. ಬಲಗಡೆ ಬೇಸಿನವನು ಹನ್ನೊಂದನೇ ತಂತಿಯಲ್ಲಿ ಗಿಟಾರ್ ಸೋಲೊ ಹೊಡೆಯುತ್ತಿದ್ದಾನೆ. ಇಬ್ಬರೂ ವಾದ್ಯ ಅದಲುಬದಲು ಮಾಡಿಕೊಂಡಿದ್ದರೆ ಹತ್ತು ತಂತಿಯಲ್ಲಿ ಮುಗಿಯುತ್ತಿತ್ತು. ಹಿಂದೆ ಕೂತ ಕೀಬೋರ್ಡಿನವನು 88 ಮನೆಗಳಲ್ಲಿ ಎಡತುದಿಯದನ್ನು, ಪಿಯಾನೊ ಹುಟ್ಟಿಸುವ 27.5 ಹರ್ಟ್ಸ್‌ನ ಸ್ವರವನ್ನು, ಎಡಗೈ ಕಿರುಬೆರಳಿನಲ್ಲಿ ಒತ್ತಿಹಿಡಿದು ಬಲಗೈಯಲ್ಲಿ ಕಾಫಿ ಕುಡಿಯುತ್ತಿದ್ದಾನೆ.