ವಠಾರದ ಒಡತಿ: ಪೋಷಕ ಪಾತ್ರ ಯೂನ್ ಚಿಯು ಅವರಿಗೆ ನ್ಯಾಯ ಕೊಟ್ಟಿತೇ?

ಪರ

ತುಟಿಯ ಮೂಲೆಯಲ್ಲಿ ಸಿಗರೇಟು, ತಲೆತುಂಬ ಕರ್ಲರ್, ಮೈಮೇಲೆ ನೈಟಿ. 2004ರ ಹಾಂಗ್‌ಕಾಂಗ್ ಚಿತ್ರ ‘ಕುಂಗ್ ಫೂ ಹಸಲ್’ ನೋಡಿದವರು ಯೂನ್ ಚಿಯು ಆಡಿದ ಆ ವಠಾರದ ಒಡತಿಯನ್ನು ಮರೆಯುವುದುಂಟೇ? ನಿರ್ದೇಶಕ ಸ್ಟೀಫನ್ ಚೌ, ನಾಯಕನೂ ಅವರೇ. ಆದರೂ ನನ್ನ ನೆನಪಲ್ಲಿ ಉಳಿದದ್ದು ಅವಳ ಬಾಯಿ. ತಲೆಗೆ ನೊರೆ ಹಚ್ಚಿಕೊಂಡು ನಿಂತ ಕ್ಷೌರಿಕ ‘ನೀರು ಯಾಕೆ ನಿಂತಿತು?’ ಎಂದು ಕೇಳಿದ್ದೇ ತಪ್ಪು, ವಠಾರವೆಲ್ಲ ಕೇಳುವಂತೆ ಅವನ ಜನ್ಮ ಜಾಲಾಡುತ್ತಾಳೆ. ಬಾಡಿಗೆ ಮನೆಯಲ್ಲಿದ್ದವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ! ಮುಂದೆ ಅದೇ ಬಾಯಿ ಸಿಂಹಗರ್ಜನೆಯಾಗಿ ಶತ್ರುಗಳನ್ನು ಹಾರಿಸಿಬಿಡುತ್ತದೆ. ನಗಿಸಲು ಇಟ್ಟದ್ದೇ ಅಸ್ತ್ರವಾಗುವ ಈ ಜಾಣ್ಮೆ ಎಷ್ಟು ನಾಯಕಿಯರ ಪಾಲಿಗೆ ಬಂದಿದೆ?

ಯೂನ್ ಚಿಯು ಆಡಿಷನ್ನಿಗೆ ಹೋದವರೂ ಅಲ್ಲ. ಪರಿಚಯದವರ ಸ್ಕ್ರೀನ್ ಟೆಸ್ಟಿಗೆ ಜೊತೆಗೆ ಹೋಗಿ, ಮುಖದಲ್ಲಿ ಒಂದು ವ್ಯಂಗ್ಯ ಇಟ್ಟುಕೊಂಡು ಸಿಗರೇಟು ಸೇದುತ್ತಿದ್ದರಂತೆ. ಆ ಮುಖವೇ ಪಾತ್ರ ತಂದಿತು. ನಟನೆ ಬಿಟ್ಟು ಸುಮಾರು ಎರಡು ದಶಕ ಕಳೆದಿದ್ದ 55ರ ಹೆಂಗಸಿಗೆ 2005ರಲ್ಲಿ ತೈವಾನಿನ ಸಿನಿಮಾ ಪ್ರಶಸ್ತಿ ಗೋಲ್ಡನ್ ಹಾರ್ಸ್‌ನ ಅತ್ಯುತ್ತಮ ಪೋಷಕ ನಟಿ ಗೌರವ ಬಂತು. ಆ ವಯಸ್ಸಿಗೆ ನಾಯಕಿಯರಿಗೆ ಸಿಗುವುದು ಅಳುವ ತಾಯಿಯ ಪಾತ್ರ. ಇವರಿಗೆ ಸಿಕ್ಕಿದ್ದು ಗುದ್ದಾಟ.

ವಿರೋಧ

ಪ್ರಶಸ್ತಿ ಬಂತು, ಸರಿ. ಆದರೆ ಅದಕ್ಕೂ ಮೊದಲಿನ 30 ವರ್ಷದ ಲೆಕ್ಕ ಯಾರು ಕೊಡುತ್ತಾರೆ?

‘ಯೂನ್’ ಎಂಬುದು ಗುರು ಯು ಜಿಮ್-ಯೂನ್ ಹೆಸರಿನಿಂದ ಶಿಷ್ಯರು ಪಡೆದದ್ದು. ಹಾಂಗ್‌ಕಾಂಗ್‌ನಲ್ಲಿ ಅವರು ನಡೆಸುತ್ತಿದ್ದ ಪೀಕಿಂಗ್ ಒಪೆರಾ (ಹಾಡು, ನಟನೆ, ಲಾಗ ಬೆರೆತ ಚೀನೀ ರಂಗಕಲೆ) ಶಾಲೆಯಲ್ಲಿ ಲಾಗ ಹಾಕಿ, ಬೆತ್ತದ ಏಟು ತಿಂದು ಬೆಳೆದ ಹುಡುಗರಲ್ಲಿ ಜಾಕಿ ಚಾನ್, ಸ್ಯಾಮೊ ಹಂಗ್ ಇದ್ದರು. ಅವರು ನಾಯಕರಾದರು, ನಿರ್ದೇಶಕರಾದರು. ಅದೇ ಗರಡಿಯ ಹುಡುಗಿಗೆ ಸಿಕ್ಕಿದ್ದು ಸಣ್ಣಪುಟ್ಟ ಪಾತ್ರ, ಸ್ಟಂಟ್. ಕೊನೆಗೆ ಆಕೆ ಸಿನಿಮಾವನ್ನೇ ಬಿಟ್ಟರು. ವಿದ್ಯೆಯಲ್ಲಿ ಕೊರತೆ ಇತ್ತೆಂದು ನಾನಂತೂ ನಂಬುವುದಿಲ್ಲ.

ಒಡತಿಯ ಪಾತ್ರವನ್ನೇ ನೋಡಿ. ಅದಕ್ಕಾಗಿ ಅವರು ಮೈ ದಪ್ಪ ಮಾಡಿಕೊಳ್ಳಬೇಕಾಯಿತು. ಒಡತಿ ಮತ್ತು ಅವಳ ಗಂಡ ತಮ್ಮನ್ನು ಯಾಂಗ್ ಗುವೋ, ಶಿಯಾವೊಲಾಂಗ್‌ನ್ಯೂ ಎಂದು ಪರಿಚಯಿಸಿಕೊಂಡಾಗ ನಗು ಏಳುತ್ತದೆ, ಏಕೆಂದರೆ ಚೀನೀ ಓದುಗರಿಗೆ ಅವರು ಪ್ರಸಿದ್ಧ ಕಾದಂಬರಿಯೊಂದರ ಚೆಲುವ ಪ್ರೇಮಿಗಳು. ಹೆಂಗಸು ಮೊದಲು ನಗೆಪಾಟಲಾದರೆ ಮಾತ್ರ ಆಮೇಲೆ ಹೊಡೆದಾಡಬಹುದು ಎಂಬ ಕರಾರಲ್ಲವೇ ಇದು? ಗಂಡನ ಪಾತ್ರದ ಯೂನ್ ವಾ ಕೂಡ ನಗೆಪಾಟಲಾಗುತ್ತಾರೆ, ಒಪ್ಪುತ್ತೇನೆ. ಆದರೆ ಆ ವೇಳೆಗೆ ಅವರ ಹಿಂದೆ ಖಳನ ಪಾತ್ರಗಳ ಸಾಲೇ ಇತ್ತು. ಮರುವರ್ಷವೇ ‘ಕುಂಗ್ ಫೂ ಮಜಾಂಗ್’ನಲ್ಲಿ ಅದೇ ಜೋಡಿ, ಗೆದ್ದ ಎತ್ತನ್ನು ಮತ್ತೆ ನೊಗಕ್ಕೆ ಕಟ್ಟಿದ ಹಾಗೆ.

ನನಗೆ ಕಾಡುವುದು 1974ರ ಬಾಂಡ್ ಚಿತ್ರ ‘ದ ಮ್ಯಾನ್ ವಿತ್ ದ ಗೋಲ್ಡನ್ ಗನ್’. ಬ್ಯಾಂಕಾಕ್‌ನಲ್ಲಿ ಶಾಲಾ ಸಮವಸ್ತ್ರದ ಇಬ್ಬರು ಹುಡುಗಿಯರು ಕರಾಟೆ ಶಾಲೆಯ ಗಂಡಸರನ್ನು ಸಾಲಾಗಿ ಕೆಡವುತ್ತಾರೆ. ಒಬ್ಬಾಕೆ ಯೂನ್ ಚಿಯು, ವಯಸ್ಸು 24. ಹೊಡೆದಾಟ ಮುಗಿದದ್ದೇ ತಡ, ಬಾಂಡ್‌ನನ್ನು ರಸ್ತೆಯಲ್ಲೇ ಬಿಟ್ಟು ಅವರ ಕಾರು ಹೊರಟೇ ಹೋಗುತ್ತದೆ. ಕ್ಯಾಮೆರಾ ಮಾತ್ರ ಬಾಂಡ್‌ನ ಜೊತೆಗೇ ಉಳಿಯುತ್ತದೆ.