ಪೂರ್ತಿ ಕಟ್ಟಿಯೇ ದೂರು ಕೊಡಬೇಕೆಂದಿಲ್ಲ

ವಿದ್ಯುತ್ ಬಿಲ್ ತಕರಾರಿನ ಬಗ್ಗೆ ಬರೆದ ಈ ಲೇಖನ ಚೆನ್ನಾಗಿದೆ. ಆದರೆ ‘ಬಿಲ್ ಎಷ್ಟೇ ಬಂದಿರಲಿ, ಮೊದಲು ಪೂರ್ತಿ ಕಟ್ಟಿ, ಆಮೇಲೆ ದೂರು ಕೊಡಿ’ ಎಂಬ ಸಲಹೆ ಒಪ್ಪುವಂಥದ್ದಲ್ಲ. ವಿದ್ಯುತ್ ಕಾಯ್ದೆ 2003ರ 56ನೇ ಸೆಕ್ಷನ್ ಬೇರೆಯದೇ ಹೇಳುತ್ತದೆ. ಬಾಕಿಗಾಗಿ ಸಂಪರ್ಕ ಕಡಿತ ಮಾಡುವ ಮೊದಲು 15 ದಿನಗಳ ಲಿಖಿತ ನೋಟಿಸ್ ಕೊಡಲೇಬೇಕು. ಲೈನ್‌ಮನ್ ಬಾಗಿಲಲ್ಲಿ ನಿಂತು ಬಾಯಿಮಾತಲ್ಲಿ ಹೇಳಿದರೆ ಅದು ನೋಟಿಸ್ ಆಗುವುದಿಲ್ಲ.

ಇನ್ನು ಮುಖ್ಯವಾದದ್ದು ಇಲ್ಲಿದೆ. ಬಿಲ್ ಬಗ್ಗೆ ತಕರಾರಿದ್ದರೆ ವಿದ್ಯುತ್ ಕಂಪನಿ ಕೇಳಿದ ಮೊತ್ತ ಅಥವಾ ಹಿಂದಿನ ಆರು ತಿಂಗಳು ಕಟ್ಟಿದ ಬಿಲ್‌ಗಳ ಸರಾಸರಿಯಂತೆ ಬರುವ ಮೊತ್ತ, ಯಾವುದು ಕಡಿಮೆಯೋ ಅಷ್ಟನ್ನು ‘ತಕರಾರು ಉಳಿಸಿಕೊಂಡು ಕಟ್ಟುತ್ತಿದ್ದೇನೆ’ ಎಂದು ಬರೆದುಕೊಟ್ಟು ಕಟ್ಟಬಹುದು. ವಿವಾದ ಮುಗಿಯುವ ತನಕ ಕರೆಂಟ್ ತೆಗೆಯುವಂತಿಲ್ಲ. ಇದನ್ನು ಕೌಂಟರಿನಲ್ಲಿ ಕೂತವರು ತಾವಾಗಿ ಹೇಳುತ್ತಾರಾ? ನನಗಂತೂ ನಂಬಿಕೆ ಇಲ್ಲ.

ಮೇಲಿನ ಕಾಮೆಂಟಿನಲ್ಲಿ ಒಬ್ಬರು ‘ಎರಡು ವರ್ಷ ದಾಟಿದ ಬಾಕಿ ಮಾಫಿ’ ಎಂದಿದ್ದಾರೆ. ಅಷ್ಟು ಸುಲಭವಲ್ಲ. ತಪ್ಪು ದರ ಹಾಕಿದ್ದ ಒಂದು ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2020ರಲ್ಲಿ ಹೇಳಿದ್ದೇನೆಂದರೆ, ಎರಡು ವರ್ಷದ ನಂತರವೂ ಕಂಪನಿ ಹೆಚ್ಚುವರಿ ಬಿಲ್ ಕೊಡಬಹುದು, ಆದರೆ ಅದಕ್ಕಾಗಿ ಸಂಪರ್ಕ ಕಡಿಯುವಂತಿಲ್ಲ. ವಸೂಲಿಗೆ ಬೇರೆ ದಾರಿ ನೋಡಿಕೊಳ್ಳಬೇಕು.

ಮೀಟರ್ ಮೇಲೇ ಅನುಮಾನವಿದ್ದರೆ ವಿದ್ಯುತ್ ಗ್ರಾಹಕರ ಹಕ್ಕುಗಳ ನಿಯಮಗಳಿಗೆ 2024ರಲ್ಲಿ ಆದ ತಿದ್ದುಪಡಿಯಂತೆ ದೂರು ಕೊಟ್ಟ ಐದು ದಿನದಲ್ಲಿ ಕಂಪನಿಯೇ ಇನ್ನೊಂದು ಮೀಟರ್ ಹಾಕಿ, ಕನಿಷ್ಠ ಮೂರು ತಿಂಗಳು ತಾಳೆ ನೋಡಬೇಕು. ಸುಮ್ನೆ ಫೋನ್ ಮಾಡಿದರೆ ಸಾಲದು. ಕಂಪನಿಯ ಕಚೇರಿಗೆ ಬರೆದು ಕೊಡಿ, ಸ್ವೀಕೃತಿ ಕೇಳಿ ಪಡೆಯಿರಿ. ಅಲ್ಲಿ ಕೆಲಸ ಆಗದಿದ್ದರೆ ಗ್ರಾಹಕರ ಕುಂದುಕೊರತೆ ವೇದಿಕೆ, ಅದರ ಮೇಲೆ ಓಂಬುಡ್ಸ್‌ಮನ್ (ಗ್ರಾಹಕರ ಮೇಲ್ಮನವಿ ಕೇಳುವ ಅಧಿಕಾರಿ) ಇದ್ದಾರೆ.