ದೊಡ್ಡವರಿಗೂ ಒಂದು ಆಟದ ದಿನ ಬೇಕು

ಇಂಗ್ಲೆಂಡಿನಲ್ಲಿ ಕೆಲಸದಲ್ಲಿರುವ ಮಕ್ಕಳ ಮನೆಗೆ ಊರಿನಿಂದ ಅಪ್ಪ ಅಮ್ಮ ಬಂದರೆ, ಅವರನ್ನು ಸುತ್ತಾಡಿಸುವ ಪಟ್ಟಿ ಎಲ್ಲರ ಮನೆಯಲ್ಲೂ ಒಂದೇ. ಲಂಡನ್ ಐ, ಬಕಿಂಗ್‌ಹ್ಯಾಮ್ ಅರಮನೆ, ಥೇಮ್ಸ್ ದಂಡೆಯ ಬಸವಣ್ಣನವರ ಪುತ್ಥಳಿ, ವಿಂಡ್ಸರ್, ಸ್ಟೋನ್‌ಹೆಂಜ್, ಬಾತ್. ಇವುಗಳಲ್ಲಿ ಒಂದನ್ನೂ ನಾನು ಹಳಿಯುವುದಿಲ್ಲ. ಬಸವಣ್ಣನವರ ಮುಂದೆ ನಿಂತಾಗ ಪ್ರತಿ ಸಲವೂ ನನಗೆ ಎದೆ ತುಂಬಿ ಬರುತ್ತದೆ. ಆದರೆ ಇಷ್ಟೆಲ್ಲ ಸುತ್ತಾಟದಲ್ಲಿ ಹಿರಿಯರ ಪಾಲಿಗೆ ಬರುವುದಾದರೂ ಏನು? ಸಾಲಿನಲ್ಲಿ ನಿಲ್ಲುವುದು, ಮೊಮ್ಮಕ್ಕಳ ಜಾಕೆಟ್ ಹಿಡಿದುಕೊಳ್ಳುವುದು, ಫೋಟೋ ತೆಗೆಸಿಕೊಳ್ಳುವುದು. ಆಟ, ಬೆರಗು, ನಗು ಎಲ್ಲವೂ ಮಕ್ಕಳಿಗೆ ಮೀಸಲು. ದೊಡ್ಡವರು ಬ್ಯಾಗು ಕಾಯಬೇಕು. ನನ್ನ ತಕರಾರು ಇರುವುದು ಇಲ್ಲಿ.

ಏಕೆಂದರೆ ಈ ದೇಶದ ಹಳ್ಳಿಗಾಡಿನಲ್ಲಿ ದೊಡ್ಡವರೇ ಆಡುವ ದಿನಗಳಿವೆ. ನರೆತ ತಲೆಯವರು, ನಿವೃತ್ತ ಮೇಷ್ಟರು, ಹೈನುಗಾರರು, ಪಂಚಾಯಿತಿಯ ಸದಸ್ಯರು ಮೊಣಕಾಲೂರಿ ನೆಲಕ್ಕೆ ಕಿವಿಗೊಡುವ, ಕೊಂಬು ಹೊತ್ತು ಕುಣಿಯುವ ದಿನಗಳು. ಹೊರಗಿನವರಿಗೆ ಅದು ಹುಚ್ಚಾಟವಾಗಿ ಕಾಣಬಹುದು. ಹತ್ತಿರ ಹೋಗಿ ನೋಡಿದರೆ ಅಲ್ಲಿ ನಿಯಮಗಳಿರುತ್ತವೆ, ಸರದಿ ಇರುತ್ತದೆ, ಹಿರಿಯರು ಕಿರಿಯರಿಗೆ ಕಲಿಸಿಕೊಟ್ಟ ಕೈಚಳಕವಿರುತ್ತದೆ.

ಚೆಷೈರ್‌ನ ವಿಲ್ಲಸ್ಟನ್ ಹಳ್ಳಿಯನ್ನು ತೆಗೆದುಕೊಳ್ಳಿ. ಎರೆಹುಳುಗಳನ್ನು ನೆಲದಿಂದ ಮೇಲಕ್ಕೆ ಕರೆಯುವ ವಿಶ್ವ ಸ್ಪರ್ಧೆ 1980ರಲ್ಲಿ ಇಲ್ಲಿ ಶುರುವಾಯಿತು. ಶಾಲೆಯ ಮೈದಾನದಲ್ಲಿ ಪ್ರತಿಯೊಬ್ಬ ಸ್ಪರ್ಧಿಗೂ ಮೂರು ಮೀಟರ್ ಉದ್ದ, ಮೂರು ಮೀಟರ್ ಅಗಲದ ತುಂಡು ನೆಲ. ಅರ್ಧ ಗಂಟೆ ಸಮಯ. ಅಗೆಯುವಂತಿಲ್ಲ. ನೀರನ್ನೂ ಹಾಕುವಂತಿಲ್ಲ, ಇಲ್ಲಿನ ನಿಯಮದಲ್ಲಿ ನೀರು ಉತ್ತೇಜಕದ ಲೆಕ್ಕಕ್ಕೆ ಸೇರುತ್ತದೆ. ನೆಲವನ್ನು ಅದುರಿಸಿ, ಹುಳುಗಳು ತಾವಾಗಿಯೇ ಹೊರಬರುವಂತೆ ಮಾಡಬೇಕು. ಹೆಚ್ಚಿನವರು ತೋಟದ ಫೋರ್ಕನ್ನು ನೆಲಕ್ಕೆ ಊರಿ ಅದರ ಹಿಡಿಯನ್ನು ಒಂದೇ ಲಯದಲ್ಲಿ ಅಲ್ಲಾಡಿಸುತ್ತಾರೆ. ಕೆಲವರು ವಾದ್ಯ ನುಡಿಸುತ್ತಾರೆ. ಹುಳು ಮುಟ್ಟಲು ಹಿಂಜರಿಯುವವರು ಎತ್ತಿಕೊಳ್ಳಲು ಜೊತೆಗಾರರನ್ನು ಇಟ್ಟುಕೊಳ್ಳಬಹುದು. ಮೊದಲ ವರ್ಷವೇ ಊರಿನ ರೈತನ ಮಗನೊಬ್ಬ 511 ಹುಳುಗಳನ್ನು ಕರೆದ. ಬಹುಕಾಲ ಯಾರೂ ಮುರಿಯದ ಆ ದಾಖಲೆಯನ್ನು 2009ರಲ್ಲಿ ಹತ್ತು ವರ್ಷದ ಹುಡುಗಿ 567 ಹುಳುಗಳೊಂದಿಗೆ ಮುರಿದಳು. ನನಗೆ ಎಲ್ಲಕ್ಕಿಂತ ಹಿಡಿಸಿದ್ದು ಕೊನೆಯ ನಿಯಮ: ಎಣಿಸಿದ ಹುಳುಗಳನ್ನು ಸಂಜೆ ಹಕ್ಕಿಗಳು ಗೂಡು ಸೇರಿದ ಮೇಲೆಯೇ ಮಣ್ಣಿಗೆ ಬಿಡಬೇಕು. ಆಟಕ್ಕೆಂದು ಕರೆದ ಜೀವವನ್ನು ಕ್ಷೇಮವಾಗಿ ಮನೆಗೆ ಕಳುಹಿಸುವ ಜವಾಬ್ದಾರಿ ಕರೆದವರದೇ.

ಇದನ್ನು ಕೆಲಸವಿಲ್ಲದವರ ಕಾಲಹರಣ ಎನ್ನುವವರಿಗೆ ನಾನು ಡಾರ್ವಿನ್ನನ ಹೆಸರು ಹೇಳುತ್ತೇನೆ. ಆಗ ಕೆಂಟ್‌ಗೆ ಸೇರಿದ್ದ ತನ್ನ ಮನೆ ಡೌನ್ ಹೌಸ್‌ನಲ್ಲಿ ಆತ ಎರೆಹುಳುಗಳ ಕುಂಡಗಳನ್ನು ಪಿಯಾನೋದ ಮೇಲಿಟ್ಟು ಸ್ವರ ನುಡಿಸಿ ಪರೀಕ್ಷಿಸಿದ. ಗಾಳಿಯಲ್ಲಿ ಬಂದ ಸದ್ದಿಗೆ ಅವು ಕದಲಲಿಲ್ಲ. ಕುಂಡದ ಮಣ್ಣಿಗೇ ಕಂಪನ ತಲುಪಿದಾಗ ಸರಕ್ಕನೆ ಬಿಲ ಹೊಕ್ಕವು. ಬದುಕಿನ ಕೊನೆಯ ವರ್ಷಗಳಲ್ಲಿ ಆ ಮಹನೀಯ ಕೈಗೆತ್ತಿಕೊಂಡ ವಿಷಯ ಎರೆಹುಳು. ಡೌನ್ ಹೌಸ್‌ಗೆ ಇಂದಿಗೂ ಹೋಗಿ ನೋಡಬಹುದು, ಈಗ ಅದು ಲಂಡನ್ನಿನ ಅಂಚಿನಲ್ಲೇ ಇದೆ.

ಡರ್ಬಿಶೈರ್‌ನ ಟಿಸ್ಸಿಂಗ್ಟನ್ ಬೇರೆಯದೇ ಬಗೆಯ ಸಂತೋಷ. ಈಸ್ಟರ್ ದಿನವನ್ನೂ ಸೇರಿಸಿ ಎಣಿಸಿದರೆ ನಲವತ್ತನೆಯ ದಿನ, ಗುರುವಾರ ಬರುವ ಕ್ರಿಸ್ತಾರೋಹಣದ ಹಬ್ಬಕ್ಕೆ ಈ ಊರಿನವರು ತಮ್ಮ ಬಾವಿಗಳಿಗೆ ಹೂವಿನ ಅಲಂಕಾರ ಮಾಡುತ್ತಾರೆ. 1348-49ರ ಮಹಾಮಾರಿ ಪ್ಲೇಗ್ ಸುತ್ತಲಿನ ಹಳ್ಳಿಗಳನ್ನು ಬಲಿ ತೆಗೆದುಕೊಂಡಾಗ ಶುದ್ಧ ನೀರಿನಿಂದಾಗಿ ತಮ್ಮ ಊರು ಉಳಿಯಿತು ಎಂಬುದು ಜನ ಹೇಳುವ ಕತೆ. 1615ರ ಬರಗಾಲದಲ್ಲಿ ಈ ಬಾವಿಗಳು ಬತ್ತಲಿಲ್ಲ ಎಂಬುದು ಇನ್ನೊಂದು ಕತೆ. ಗಂಗೆ ಪೂಜೆ ನೋಡುತ್ತ ಬೆಳೆದ ನಮಗೆ ಇದನ್ನು ಯಾರೂ ಬಿಡಿಸಿ ಹೇಳಬೇಕಾಗಿಲ್ಲ.

ಆದರೆ ಕೆಲಸದ ಬಗೆ ನೋಡಬೇಕು. ದೊಡ್ಡ ಮರದ ಹಲಗೆಗಳನ್ನು ಮೊದಲು ನೀರಿನಲ್ಲಿ ನೆನೆಹಾಕುತ್ತಾರೆ. ಉಪ್ಪು ಬೆರೆಸಿ ತುಳಿದು ಹದ ಮಾಡಿದ ಜೇಡಿಮಣ್ಣನ್ನು ಅವುಗಳ ಮೇಲೆ ಮೆತ್ತುತ್ತಾರೆ. ಕಾಗದದಲ್ಲಿ ಬರೆದ ಚಿತ್ರವನ್ನು ಮಣ್ಣಿನ ಮೇಲಿಟ್ಟು ಗೆರೆಗುಂಟ ಚುಚ್ಚಿ ಇಳಿಸುತ್ತಾರೆ. ಗೆರೆಗಳಿಗೆ ಬೀಜಗಳು, ಆಲ್ಡರ್ ಮರದ ಪುಟ್ಟ ಕಪ್ಪು ಕಾಯಿಗಳು. ಬಣ್ಣಕ್ಕೆ ಹೂವಿನ ಎಸಳು, ಪಾಚಿ, ತೊಗಟೆ. ಎಸಳು ಜೋಡಿಸುವುದು ಕೆಳಗಿನಿಂದ ಮೇಲಕ್ಕೆ, ಒಂದೊಂದಾಗಿ, ಮೇಲಿನ ಎಸಳು ಕೆಳಗಿನದರ ಅಂಚನ್ನು ಮುಚ್ಚುವಂತೆ. ಹಾಗಿದ್ದರೆ ಮಾತ್ರ ಮಳೆ ನೀರು ಒಳಗಿಳಿಯದೆ ಜಾರಿಹೋಗುತ್ತದೆ. ಇಷ್ಟು ದುಡಿದದ್ದು ಉಳಿಯುವುದು ಒಂದು ವಾರ. ಮಣ್ಣು ಒಣಗಿ ಬಿರುಕು ಬಿಟ್ಟರೆ ಮುಗಿಯಿತು, ಮತ್ತೆ ಮುಂದಿನ ವರ್ಷ.

ನನ್ನ ಅಮ್ಮನನ್ನು ಅಲ್ಲಿಗೆ ಕರೆದುಕೊಂಡು ಹೋಗಿದ್ದೆ. ಅವರಿಗೆ ಇಂಗ್ಲಿಷ್ ಬಾರದು. ಹಲಗೆಯ ಹತ್ತಿರ ಬಾಗಿ, “ಈ ಕಪ್ಪು ಗೆರೆ ಯಾವುದರಿಂದ ಮಾಡಿದ್ದಾರೆ, ಬೀಜವೋ ಕಾಯಿಯೋ?” ಎಂದು ನನ್ನನ್ನು ಕೇಳಿದರು. ನಾನು ಉತ್ತರ ಹುಡುಕುತ್ತಿರುವಾಗಲೇ ಅವರ ಬೆರಳು ಯಾವ ಕಡೆಗಿದೆ ಎಂದು ನೋಡಿದ ಆ ಊರಿನ ಅಜ್ಜಿಯೊಬ್ಬರು ಜೇಬಿನಿಂದ ಒಂದು ಆಲ್ಡರ್ ಕಾಯಿ ತೆಗೆದು ಅಮ್ಮನ ಅಂಗೈಯಲ್ಲಿಟ್ಟರು. ಆಮೇಲೆ ಇಬ್ಬರೂ ಸೇರಿ ಒಂದೊಂದೇ ಎಸಳನ್ನು ತೋರಿಸುತ್ತ, ಬಣ್ಣ ಮೆಚ್ಚುತ್ತ, ನನ್ನ ಅನುವಾದದ ಹಂಗಿಲ್ಲದೆ ಬಹಳ ಹೊತ್ತು ಮಾತಾಡಿದರು. ಒಬ್ಬರದು ಕನ್ನಡ, ಇನ್ನೊಬ್ಬರದು ಡರ್ಬಿಶೈರ್ ಇಂಗ್ಲಿಷ್. ಅರಮನೆಯ ಕಂಬಿಗಳ ಹೊರಗೆ ನಿಂತಾಗ ಅಮ್ಮ ಯಾರೊಂದಿಗೂ ಒಂದು ಮಾತೂ ಆಡಿರಲಿಲ್ಲ.

ನೋಡಿದರೆ ಸಾಲದು, ಕೈಯಾರೆ ಏನಾದರೂ ಮಾಡಬೇಕು ಎನ್ನುವವರಿಗೆ ಆಕ್ಸ್‌ಫರ್ಡ್‌ಶೈರ್‌ನ ಅಫಿಂಗ್ಟನ್ ಬಿಳಿ ಕುದುರೆ ಇದೆ. ಹುಲ್ಲಿನ ಗುಡ್ಡದ ಮೇಲೆ ಸುಣ್ಣಕಲ್ಲು ತುಂಬಿ ಮೂಡಿಸಿದ, ಸುಮಾರು 110 ಮೀಟರ್ ಉದ್ದದ ಚಿತ್ರ. ವಯಸ್ಸು ಹತ್ತಿರಹತ್ತಿರ ಮೂರು ಸಾವಿರ ವರ್ಷ. ಹಾಗೆಯೇ ಬಿಟ್ಟರೆ ಕೆಲವು ದಶಕಗಳಲ್ಲಿ ಹುಲ್ಲು ಅದನ್ನು ನುಂಗಿಬಿಡುತ್ತದೆ. ಅದಕ್ಕಾಗಿ ಪಾರಂಪರಿಕ ತಾಣಗಳನ್ನು ನೋಡಿಕೊಳ್ಳುವ ನ್ಯಾಷನಲ್ ಟ್ರಸ್ಟ್ ಸಂಸ್ಥೆ ಬೇಸಿಗೆಯಲ್ಲಿ ಸ್ವಯಂಸೇವಕರನ್ನು ಕರೆಯುತ್ತದೆ. ಕೈಗೊಂದು ಸುತ್ತಿಗೆ, ಮಂಡಿಯ ಕೆಳಗೊಂದು ದಿಂಬು, ಮುಂದೆ ಬಕೆಟ್ ತುಂಬ ಹೊಸ ಸುಣ್ಣಕಲ್ಲು. ಕಳೆ ಕಿತ್ತು, ಕಲ್ಲನ್ನು ಕುಟ್ಟಿ ಪುಡಿಮಾಡಿ, ಗಟ್ಟಿಯಾಗಿ ಕೂರಿಸಬೇಕು. ಅಲ್ಲಿ ಕುಳಿತಾಗ ಕುದುರೆ ಕಾಣುವುದಿಲ್ಲ. ಕಾಣುವುದು ನಿಮ್ಮ ಮುಂದಿನ ಒಂದು ಮೊಳ ಬಿಳಿ ನೆಲ ಮಾತ್ರ. ನೂರಕ್ಕೂ ಹೆಚ್ಚು ತಲೆಮಾರುಗಳ ಹಳ್ಳಿಗರು ಇದೇ ಕೆಲಸವನ್ನು ಬಿಡದೆ ಮಾಡಿಕೊಂಡು ಬಂದದ್ದರಿಂದಲೇ ಆ ಕುದುರೆ ಉಳಿದಿದೆ. ವಯಸ್ಸಾದವರಿಗೂ ಆಗುವ ಕೆಲಸ, ಮಂಡಿ ನೋವಿಲ್ಲದಿದ್ದರೆ.

ಸ್ಟಾಫರ್ಡ್‌ಶೈರ್‌ನ ಆಬಟ್ಸ್ ಬ್ರಾಮ್ಲಿಯ ಕೊಂಬಿನ ಕುಣಿತ ಸೆಪ್ಟೆಂಬರ್‌ನಲ್ಲಿ. ಚರ್ಚಿನಲ್ಲಿಟ್ಟಿರುವ ಆರು ಜೊತೆ ಹಿಮಸಾರಂಗದ ಕೊಂಬುಗಳನ್ನು ಬೆಳಗ್ಗೆಯೇ ಇಳಿಸಿ, ಹೆಗಲಿಗೇರಿಸಿ, ಇಡೀ ದಿನ ತೋಟದ ಮನೆಗಳ ಅಂಗಳಗಳಲ್ಲಿ, ಪಬ್‌ಗಳ ಮುಂದೆ ಕುಣಿದು ಸಂಜೆಗೆ ಮರಳಿ ಚರ್ಚಿಗೆ ಒಪ್ಪಿಸುತ್ತಾರೆ. ಪರೀಕ್ಷೆ ಮಾಡಿಸಿದಾಗ ಅವು ಹನ್ನೊಂದನೆಯ ಶತಮಾನದವು ಎಂದು ತಿಳಿಯಿತು. ಜಾನಪದದಲ್ಲಿ ಆಸಕ್ತಿಯಿರುವ ಕನ್ನಡಿಗರು ಇದನ್ನು ತಪ್ಪಿಸಿಕೊಳ್ಳಬಾರದು.

ಗ್ಲಾಸ್ಟರ್‌ಶೈರ್‌ನ ಕೂಪರ್ಸ್ ಹಿಲ್‌ನಲ್ಲಿ ಚೀಸ್ ಗಾಲಿಯನ್ನು ಕಡಿದಾದ ಇಳಿಜಾರಿನಲ್ಲಿ ಉರುಳಿಸಿ ಅದರ ಹಿಂದೆ ಓಡುವ ಸ್ಪರ್ಧೆಯ ವಿಡಿಯೋಗಳನ್ನು ನೀವೆಲ್ಲ ನೋಡಿಯೇ ಇರುತ್ತೀರಿ. ಮೇ ಕೊನೆಯ ಸೋಮವಾರ ಅದು. ದಯವಿಟ್ಟು ಓಡಬೇಡಿ. ಪ್ರತಿ ವರ್ಷ ಕೈಕಾಲು ಮುರಿದುಕೊಳ್ಳುವವರು ಇದ್ದೇ ಇರುತ್ತಾರೆ. 2009ರಲ್ಲಿ ಆ ಸಣ್ಣ ಗುಡ್ಡಕ್ಕೆ ತಡೆಯಲಾರದಷ್ಟು ಜನ ಸೇರಿದ್ದರಿಂದ ಮರುವರ್ಷ ಅಧಿಕೃತ ಸ್ಪರ್ಧೆಯೇ ರದ್ದಾಯಿತು. ಆಮೇಲೆ ಊರಿನವರು ತಾವೇ ನಡೆಸಿಕೊಂಡು ಬಂದರು. ವೈರಲ್ ಆಗುವುದರಿಂದ ಒಂದು ಊರಿನ ಆಟಕ್ಕೆ ಎಷ್ಟು ಕಷ್ಟ ಬರಬಹುದು ಎಂಬುದಕ್ಕೆ ಇದಕ್ಕಿಂತ ಬೇರೆ ಉದಾಹರಣೆ ಬೇಡ. ಇಂಥ ಕಡೆ ಹೋಗುವುದಾದರೆ ಅತಿಥಿಗಳಂತೆ ಹೋಗೋಣ. ಡ್ರೋನ್ ಹಾರಿಸಲು, ರೀಲ್ಸ್‌ಗಾಗಿ ಕುಣಿತದ ನಡುವೆ ನುಗ್ಗಲು ಅಲ್ಲ.

ಜನಜಂಗುಳಿ ಬೇಡ ಎನ್ನುವವರಿಗೆ ಉತ್ತರದ ನಾರ್ತಂಬರ್‌ಲ್ಯಾಂಡ್‌ನಲ್ಲಿ, ಆನಿಕ್ ಉದ್ಯಾನದ ವಿಷದ ತೋಟವಿದೆ. 2005ರಲ್ಲಿ ತೆರೆದದ್ದು. ತಲೆಬುರುಡೆಯ ಗುರುತಿರುವ ಕಬ್ಬಿಣದ ಗೇಟು, ಯಾವಾಗಲೂ ಬೀಗ. ಮಾರ್ಗದರ್ಶಕರ ಜೊತೆಯಲ್ಲಿ ಮಾತ್ರ ಪ್ರವೇಶ. ಮುಟ್ಟಬಾರದು, ಮೂಸಬಾರದು, ರುಚಿ ನೋಡಬಾರದು. ಇದನ್ನು ಕನ್ನಡಿಗರಿಗೆ ಒತ್ತಿ ಹೇಳಲು ಕಾರಣವಿದೆ. ಅಲ್ಲಿ ಕಾವಲಿನಲ್ಲಿಟ್ಟಿರುವ ಗಿಡಗಳಲ್ಲಿ ನಮ್ಮ ಹರಳು ಗಿಡವಿದೆ, ಕಾಸರ್ಕವಿದೆ. ಆಟಿ ಅಮಾವಾಸ್ಯೆಯ ನಸುಕಿನಲ್ಲಿ ಕಷಾಯಕ್ಕೆಂದು ಹಾಲೆ ಮರದ ತೊಗಟೆ ತರಲು ಹೋದವರು ಗುರುತು ತಪ್ಪಿ ಕಾಸರ್ಕದ ತೊಗಟೆ ತಂದರೆ ಜೀವಕ್ಕೇ ಸಂಚಕಾರ ಎಂಬುದು ಕರಾವಳಿಯ ಮನೆಮನೆಗೂ ಗೊತ್ತು. ಅಂಥ ತಿಳಿವಳಿಕೆ ಇರುವ ಹಿರಿಯರೊಬ್ಬರನ್ನು ಜೊತೆಗೆ ಕರೆದುಕೊಂಡು ಹೋಗಿ. ಆ ತೋಟದಲ್ಲಿ ಅವರು ಕೇಳುಗರಾಗಿ ಉಳಿಯುವುದಿಲ್ಲ, ಹೇಳುವವರಾಗುತ್ತಾರೆ.

ಹೊರಡುವ ಮುನ್ನ ಕೆಲವು ಮಾತು. ದಿನಾಂಕಗಳು ವರ್ಷದಿಂದ ವರ್ಷಕ್ಕೆ ಬದಲಾಗುತ್ತವೆ, ಕೆಲವೊಮ್ಮೆ ಕಾರ್ಯಕ್ರಮವೇ ನಿಲ್ಲುತ್ತದೆ. ಆಯಾ ಊರಿನವರ ಪ್ರಕಟಣೆ ನೋಡಿಕೊಂಡೇ ಟಿಕೆಟ್ ಕಾದಿರಿಸಿ. ಹಳ್ಳಿಗಳಿಗೆ ಬಸ್ಸು ವಿರಳ, ಭಾನುವಾರ ಇಲ್ಲವೆಂದೇ ಲೆಕ್ಕ. ಕಾರು ನಿಲ್ಲಿಸುವುದು ಯಾರದೋ ಹುಲ್ಲುಗಾವಲಿನಲ್ಲಾದ್ದರಿಂದ ಕೆಸರಿಗೆ ಆಗುವ ಬೂಟು ಬೇಕು, ಚಿಲ್ಲರೆ ಹಣವೂ ಬೇಕು. ಪುಳಿಯೋಗರೆ ಕಟ್ಟಿಕೊಂಡು ಹೋದರೂ ಊರಿನ ಹಾಲ್‌ನಲ್ಲಿ ಅಜ್ಜಿಯರು ಮಾರುವ ಚಹಾ ಮತ್ತು ಕೇಕನ್ನು ತೆಗೆದುಕೊಳ್ಳಿ. ಹಲವು ಕಡೆ ಮುಂದಿನ ವರ್ಷದ ಖರ್ಚು ಹುಟ್ಟುವುದು ಆ ಮೇಜಿನಿಂದ. ದೇಣಿಗೆಯ ಡಬ್ಬಿಗೂ ಏನಾದರೂ ಹಾಕಿ. ಟಿಸ್ಸಿಂಗ್ಟನ್‌ಗೆ ಹೋಗುವವರಿಗೆ ಹತ್ತಿರದ ಪೇಟೆ ಆಶ್‌ಬೋರ್ನ್. ಅಲ್ಲಿಂದ ಹಳೆಯ ರೈಲು ದಾರಿಯನ್ನೇ ನಡಿಗೆಗೆ, ಸೈಕಲ್ಲಿಗೆ ಬಿಟ್ಟುಕೊಟ್ಟಿದ್ದಾರೆ. ಏರಿಳಿತ ಕಡಿಮೆ, ನಡೆಯಬಲ್ಲ ಹಿರಿಯರಿಗೆ ನಾಲ್ಕು ಮೈಲಿ ದೂರವೇನಲ್ಲ. ಯಾರಾದರೂ ಹೋಗುವವರಿದ್ದರೆ ಕೆಳಗೆ ತಿಳಿಸಿ, ದಾರಿ ಮತ್ತು ಊಟದ ವ್ಯವಸ್ಥೆಯ ವಿವರಗಳನ್ನು ಬರೆದು ಹಾಕುತ್ತೇನೆ.